ನೆಲ ಮತ್ತು ನೆರೆ: ಹೆಬ್ಬಾರ್, ರುಮಾಲೆ ಮತ್ತು ಬಣ್ಣದ ಧೈರ್ಯ

(ದೊಡ್ಮನೆಯಲ್ಲಿ ನೀಡಿದ ದತ್ತಿ ಉಪನ್ಯಾಸದ ಲಿಖಿತ ರೂಪ)



ದತ್ತಿ ಇಟ್ಟ ಮನೆಯವರು ತಮ್ಮ ಹೆಸರನ್ನು ವೇದಿಕೆಯ ಮೇಲೆ ಎತ್ತಬಾರದೆಂದು ಮೊದಲೇ ತಾಕೀತು ಮಾಡಿದ್ದಾರೆ. ಹೊಗಳುವ ಕೆಲಸ ಅಷ್ಟರಮಟ್ಟಿಗೆ ತಪ್ಪಿತು. ನೇರ ವಿಷಯಕ್ಕೆ ಬರುತ್ತೇನೆ.

ನನ್ನನ್ನು ಕರೆಯಲು ಬಂದಿದ್ದ ಇಬ್ಬರು ಹಿರಿಯರಿಗೆ “ಈ ಸಲ ಬಣ್ಣದ ಬಗ್ಗೆ ಮಾತಾಡ್ತೇನೆ” ಎಂದೆ. ಅವರಲ್ಲೊಬ್ಬರು ಅಂಗಿಯ ಜೇಬಿನಿಂದ ಎರಡು ಕೆಂಪಡಿಕೆ ತೆಗೆದು ಮುಂದಿಟ್ಟು, “ಹಾಗಾದ್ರೆ ಹೇಳಿ, ಇದರಲ್ಲಿ ಯಾವುದಕ್ಕೆ ದರ ಜಾಸ್ತಿ?” ಎಂದರು. ನನಗೆ ಎರಡೂ ಒಂದೇ ಕೆಂಪು. ಅವರು ನಕ್ಕು, ಎರಡನ್ನೂ ಬಿಸಿಲಿಗೆ ಹಿಡಿದರು. ಒಂದಕ್ಕೆ ಚೊಗರು ಹದವಾಗಿ ಹಿಡಿದಿತ್ತು; ಇನ್ನೊಂದಕ್ಕೆ ಬೇಯಿಸುವಾಗಲೇ ಎಡವಟ್ಟಾಗಿತ್ತು. ತೋರಿಸಿದ ಮೇಲೆ ನನಗೂ ಕಂಡಿತು: ಒಂದರ ಕೆಂಪಿನೊಳಗೆ ಒಂಚೂರು ನೇರಳೆಯ ಛಾಯೆ, ಇನ್ನೊಂದರೊಳಗೆ ಬರೀ ಮಣ್ಣುಗಂದು. ಶಿರಸಿಯಲ್ಲಿ 1923ರಷ್ಟು ಹಿಂದೆ ಹುಟ್ಟಿದ ತೋಟಗಾರ್ಸ್ ಸೊಸೈಟಿಯ ಅಂಗಳದಲ್ಲಿ ವ್ಯಾಪಾರಿ ಒಂದು ಹಿಡಿ ಅಡಿಕೆ ಎತ್ತಿ ನೋಡಿ, ಟೆಂಡರ್ ಬರೆದು, ಮುಂದಿನ ರಾಶಿಗೆ ಹೋಗುತ್ತಾನೆ. ಇಂಥ ಕಣ್ಣಿರುವ ಸೀಮೆಗೆ ಬಂದು ಬಣ್ಣದ ಪಾಠ ಹೇಳುವುದೆಂದರೆ ಗುಡ್ಡಕ್ಕೆ ಮಣ್ಣು ಹೊತ್ತ ಹಾಗೆ. ಆದರೆ ನನ್ನದೊಂದು ತಕರಾರಿದೆ. ಅಡಿಕೆಯ ಕೆಂಪಿನಲ್ಲಿ ನೇರಳೆ ಕಾಣುವ ಇದೇ ಕಣ್ಣು, ಚಿತ್ರದ ಮುಂದೆ ನಿಂತಾಗ “ಮರದ ನೆರಳು ಎಲ್ಲಾದರೂ ನೇರಳೆ ಇರ್ತದಾ?” ಎಂದು ಕೇಳುತ್ತದೆ. ಇವತ್ತಿನ ಮಾತು ಆ ಪ್ರಶ್ನೆಯ ಸುತ್ತ.

ಕೆ. ಕೆ. ಹೆಬ್ಬಾರರ ಚಿತ್ರವನ್ನು ನಾನು ಮೊದಲು ನೋಡಿದ್ದು ಒಂದು ವಾರಪತ್ರಿಕೆಯ ಹಳೆಯ ಸಂಚಿಕೆಯಲ್ಲಿ, ಕಪ್ಪುಬಿಳುಪಿನಲ್ಲಿ. ಪತ್ರಿಕೆಯ ಹೆಸರು ಬೇಡ. ಮಸಿ ಹರಡಿ ಹೆಂಗಸರ ಸೀರೆ, ಹಿಂದಿನ ಗೋಡೆ, ಕಾಲಡಿಯ ಮಣ್ಣು ಎಲ್ಲವೂ ಒಂದೇ ಬೂದಿಯಾಗಿದ್ದವು. ಎಷ್ಟೋ ವರ್ಷ ಹೆಬ್ಬಾರ್ ಅಂದರೆ ನನಗೆ ಬರೀ ರೇಖೆ. ಬೆಂಗಳೂರಿನ ಚಿತ್ರಕಲಾ ಪರಿಷತ್ತಿನಲ್ಲಿ ಅವರ ಚಿತ್ರಗಳಿಗೆಂದೇ ಇರುವ ಗ್ಯಾಲರಿಗೆ ಹೋದ ದಿನ ಬಾಗಿಲಲ್ಲೇ ನಿಂತೆ. ಬಣ್ಣ ಮೈಮೇಲೆ ಬಂತು. ಒಂದು ಕಲೆಯನ್ನು ಇಷ್ಟು ವರ್ಷ ಸುಳ್ಳಾಗಿ ತಿಳಿದುಕೊಂಡಿದ್ದೆನಲ್ಲ ಎಂದು ನಾಚಿಕೆಯೂ ಆಯಿತು.

ಹೆಬ್ಬಾರರ ಬಳಿಗೆ ಹೋಗಲು ಸ್ವಲ್ಪ ದೂರದ ದಾರಿ ಹಿಡಿಯುತ್ತೇನೆ. ಸ್ಕಾಟ್ಲೆಂಡಿನ ಮೇಲಿಂದ ಹಾದುಹೋಗುವ ದಾರಿ. ಆ ದೇಶ ನಮಗೆ ತೀರ ಅಪರಿಚಿತವಲ್ಲ. ಟಿಪ್ಪುವಿನ ಪತನದ ನಂತರ, 1799ರಲ್ಲಿ, ಕೆನರಾ ಮತ್ತು ಸೋದೆ ಸೀಮೆಯ ಕಂದಾಯ ಗೊತ್ತುಮಾಡಲು ಬಂದ ಥಾಮಸ್ ಮನ್ರೋ ಗ್ಲಾಸ್ಗೋದಲ್ಲಿ ಹುಟ್ಟಿದವ. ಮಳೆಯ ದೇಶದಿಂದಲೇ ಬಂದರೂ ನಮ್ಮ ಮಳೆಯ ಮೇಲೆ ಗೊಣಗಿದವ. ಅವನ ನಾಡಿನಲ್ಲಿ ವರ್ಷದ ಬಹುಪಾಲು ಆಕಾಶ ಬೂದಿ, ಕಲ್ಲುಮನೆಗಳು ಬೂದಿ, ಹತ್ತೊಂಬತ್ತನೆಯ ಶತಮಾನದ ಚಿತ್ರಗಳೂ ಹೆಚ್ಚುಕಡಿಮೆ ಅದೇ: ಕಂದು ಗುಡ್ಡ, ಕಂದು ಹಸು, ಕಂದು ಸಂಜೆ.

ಅಲ್ಲಿಂದ ನಾಲ್ವರು ಹೊರಟರು. ಸ್ಯಾಮ್ಯುಯಲ್ ಪೆಪ್ಲೋ, ಜೆ. ಡಿ. ಫರ್ಗ್ಯುಸನ್, ಎಫ್. ಸಿ. ಬಿ. ಕ್ಯಾಡೆಲ್, ಲೆಸ್ಲಿ ಹಂಟರ್. ಇವರು ಸಂಘ ಕಟ್ಟಲಿಲ್ಲ, ಪ್ರಣಾಳಿಕೆ ಬರೆಯಲಿಲ್ಲ. ‘ಸ್ಕಾಟಿಷ್ ಕಲರಿಸ್ಟ್‌ಗಳು’ ಎಂಬ ಹೆಸರು ಗಟ್ಟಿಯಾದದ್ದೇ 1950ರ ಸುಮಾರಿಗೆ, ಟಿ. ಜೆ. ಹನಿಮನ್ ಎಂಬವರು ಪುಸ್ತಕ ಬರೆದ ಮೇಲೆ. ಆ ಹೊತ್ತಿಗೆ ಫರ್ಗ್ಯುಸನ್ ಒಬ್ಬರನ್ನು ಬಿಟ್ಟು ಉಳಿದ ಮೂವರೂ ತೀರಿಕೊಂಡಿದ್ದರು. ಹಂಟರನ ಕತೆಯಂತೂ ಬೇಡ: 1906ರಲ್ಲಿ ಸ್ಯಾನ್ ಫ್ರಾನ್ಸಿಸ್ಕೋದಲ್ಲಿ ಮೊದಲ ಪ್ರದರ್ಶನಕ್ಕೆ ಸಿದ್ಧಮಾಡಿಟ್ಟ ಚಿತ್ರಗಳೆಲ್ಲ ಆ ಊರಿನ ದೊಡ್ಡ ಭೂಕಂಪ ಮತ್ತು ಬೆಂಕಿಯಲ್ಲಿ ಹೋದವು. ಫರ್ಗ್ಯುಸನ್ 1907ರಲ್ಲಿ ಪ್ಯಾರಿಸ್ಸಿಗೆ ಹೋಗಿ ನೆಲೆಸಿದ, 1910ರಲ್ಲಿ ಪೆಪ್ಲೋ ಹಿಂಬಾಲಿಸಿದ. ಎರಡು ವರ್ಷ ಬಿಟ್ಟು ಪೆಪ್ಲೋ ಎಡಿನ್‌ಬರೋಗೆ ಹೊಸ ಚಿತ್ರಗಳನ್ನು ಹೊತ್ತು ತಂದಾಗ, ಅಲ್ಲಿಯವರೆಗೆ ಅವನ ಚಿತ್ರಗಳನ್ನು ಮಾರುತ್ತಿದ್ದ ಅಂಗಡಿಯೇ ಅವನ್ನು ಪ್ರದರ್ಶಿಸಲು ಹಿಂದೇಟು ಹಾಕಿತು. ಗಿರಾಕಿಗಳು ಕೇಳಿದ್ದು ನಿಮ್ಮ ಪ್ರಶ್ನೆಯನ್ನೇ: ನೆರಳು ಎಲ್ಲಾದರೂ ನೀಲಿ ಇರುತ್ತದೆಯೇ?

ಇರುತ್ತದೆ. ಮಾಘದ ಬೆಳಿಗ್ಗೆ ಎಂಟು ಗಂಟೆಗೆ ಚಾಲಿ ಹರವಿದ ಅಂಗಳದ ಅಂಚಿನಲ್ಲಿ ನಿಂತು, ಮಾಡಿನ ನೆರಳು ಬಿದ್ದ ಕಡೆ ನೋಡಿ. ಬಿಸಿಲು ಬಿದ್ದ ಅಡಿಕೆ ಹಳದಿಗೆ ತಿರುಗಿರುತ್ತದೆ, ನೆರಳಿನ ಅಡಿಕೆ ನೀಲಿಗೆ. ನೆರಳಿಗೆ ಸೂರ್ಯನ ಬೆಳಕಿಲ್ಲ, ಆದರೆ ಆಕಾಶದ ಬೆಳಕಿದೆ, ಆಕಾಶ ನೀಲಿ. ಇಷ್ಟೇ ಸಂಗತಿ. ನಾವು ನೆರಳನ್ನು ಕಪ್ಪು ಅನ್ನುವುದು ರೂಢಿಯಿಂದ, ಕಂಡದ್ದರಿಂದ ಅಲ್ಲ.

ಈ ನಾಲ್ವರಲ್ಲಿ ನನಗೆ ಹತ್ತಿರದವನು ಕ್ಯಾಡೆಲ್. 1912ರಿಂದ ಅವನು ಪಶ್ಚಿಮ ತೀರದ ಐಯೋನಾ ಎಂಬ ಪುಟ್ಟ ದ್ವೀಪಕ್ಕೆ ವರ್ಷ ವರ್ಷವೂ ಹೋಗುತ್ತಿದ್ದ. 1920ರಲ್ಲಿ ಪೆಪ್ಲೋ ಜೊತೆಯಾದ. ಒಂದು ಮಳೆ ಹೋಗಿ ಇನ್ನೊಂದು ಮಳೆ ಬರುವುದರ ನಡುವೆ ಅಲ್ಲಿ ಬಿಳಿ ಮರಳು, ಹಸಿರು-ನೀಲಿ ನೀರು ಹತ್ತು ನಿಮಿಷ ತೊಳೆದಿಟ್ಟಂತೆ ಬೆಳಗುತ್ತವೆ. ಮಳೆ ಹೊಳವಾದಾಗ ನಮ್ಮ ಗದ್ದೆಬಯಲು ಹೇಗಿರುತ್ತದೆಂದು ಬಲ್ಲವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ. ಕ್ಯಾಡೆಲ್ ತನ್ನ ಚಿತ್ರಗಳ ಹಿಂಬದಿಯಲ್ಲಿ ಒಂದು ಸೂಚನೆ ಬರೆದಿಡುತ್ತಿದ್ದ: ಇದು ಬಣ್ಣ ಹೀರುವ ನೆಲ, ಇದಕ್ಕೆ ಎಂದೂ ವಾರ್ನಿಷ್ ಬಳಿಯಬೇಡಿ ಎಂಬ ಅರ್ಥದ್ದು. ಕ್ಯಾನ್ವಾಸಿನ ಮೇಲೆ ಮೊದಲು ಸೀಮೆಸುಣ್ಣದಂಥ ಬಿಳಿಯ ಲೇಪ ಕೊಟ್ಟರೆ ಅದು ಬಣ್ಣದೊಳಗಿನ ಎಣ್ಣೆಯನ್ನು ಹೀರಿಕೊಳ್ಳುತ್ತದೆ. ಬಣ್ಣ ಮಿರಮಿರ ಮಿಂಚದೆ, ಒಣಗಿದ ಮಣ್ಣಿನ ಹಾಗೆ ಗಟ್ಟಿಯಾಗಿ, ತನ್ನ ಪೂರ್ಣ ಬಲದಲ್ಲಿ ನಿಲ್ಲುತ್ತದೆ. ವಾರ್ನಿಷ್ ಬಳಿದರೆ ಮೇಲೊಂದು ಹೊಳಪು ಬಂದು ಒಳಗಿನ ಬಣ್ಣ ಕೆಡುತ್ತದೆ.

ಇದನ್ನು ಓದಿದಾಗ ನನಗೆ ನೆನಪಾದದ್ದು ಪ್ಯಾರಿಸ್ ಅಲ್ಲ, ಸಿದ್ದಾಪುರ ತಾಲೂಕಿನ ಒಂದು ದೀವರ ಮನೆಯ ಹಸೆಗೋಡೆ.

ಇಲ್ಲಿ ಕೂತಿರುವ ತಾಯಂದಿರಲ್ಲಿ ಹಸೆ ಬರೆದವರು ಇದ್ದೀರಿ, ತಪ್ಪು ಹೇಳಿದರೆ ತಿದ್ದಿ. ಮದುವೆಗೆ ಮೊದಲು ಗೋಡೆಗೆ ಕೆಮ್ಮಣ್ಣು ಸಾರಿಸುತ್ತಾರೆ. ಅದು ಒಣಗಿ, ಕೈಯಿಟ್ಟರೆ ತಣ್ಣಗೆ ಒರಟಾಗಿ, ನೀರು ತಾಗಿಸಿದರೆ ಗುಟುಕ್ಕನೆ ಹೀರುವಂತಿರಬೇಕು. ನೆನೆಸಿದ ಅಕ್ಕಿ ಅರೆದ ಹಿಟ್ಟು ಬಿಳಿ. ಅಕ್ಕಿಯನ್ನೇ ಕರಕಲಾಗುವಷ್ಟು ಹುರಿದು ಮಾಡಿದ್ದು ಕಪ್ಪು. ಗುರಿಗೆ ಕಾಯಿಯಿಂದ ಹಳದಿ. ಪುಂಡಿ ನಾರಿನ ಕುಂಚ. ನಾನು ನೋಡಿದ ಅಜ್ಜಿ ಆ ಕುಂಚವನ್ನು ಗೋಡೆಗೆ ತಾಗಿಸಿ ಎಳೆಯುವಾಗ ಉಸಿರು ಬಿಗಿಹಿಡಿಯುತ್ತಿದ್ದರು, ಗೆರೆ ಮುಗಿದ ಮೇಲೆ ಬಿಡುತ್ತಿದ್ದರು. ಹಸಿಯಿರುವಾಗ ಅಕ್ಕಿಹಿಟ್ಟಿನ ಗೆರೆ ಸರಿಯಾಗಿ ಕಾಣುವುದೇ ಇಲ್ಲ. ಕೆಂಪಿನೊಳಗೆ ಮಸುಕಾಗಿ ಇರುತ್ತದೆ. ಒಣಗುತ್ತ ಒಣಗುತ್ತ, ಗೋಡೆ ನೀರನ್ನೆಲ್ಲ ಹೀರಿಕೊಂಡ ಮೇಲೆ, ಒಂದೊಂದೇ ಗೆರೆ ಬೆಳ್ಳಗೆ ಎದ್ದು ಬರುತ್ತದೆ. ಆ ಅಜ್ಜಿ ಕಾಣದ ಗೆರೆಯ ಪಕ್ಕ ಕಾಣದ ಗೆರೆ ಎಳೆಯುತ್ತಿದ್ದರು. ನಾನು ಬಲ್ಲ ಧೈರ್ಯಗಳಲ್ಲಿ ಅದು ದೊಡ್ಡದು.

ಈಗ ನನ್ನ ಮಾತಿನ ತಿರುಳು. ಬಣ್ಣದ ಧೈರ್ಯ ಅಂದರೆ ಜೋರು ಬಣ್ಣ ಬಳಿಯುವುದಲ್ಲ. ಜೋರು ಬಣ್ಣ ಪಟಾಕಿ ಪೆಟ್ಟಿಗೆಯ ಮೇಲೂ ಇರುತ್ತದೆ. ಅಲ್ಲಿ ಪ್ರತಿ ಬಣ್ಣವೂ ತನ್ನಷ್ಟಕ್ಕೆ ಕೂಗುತ್ತದೆ, ಯಾವುದೂ ಯಾವುದನ್ನೂ ಕೇಳಿಸಿಕೊಳ್ಳುವುದಿಲ್ಲ. ಬಣ್ಣದ ಬಲ ಇರುವುದು ಎರಡು ಕಡೆ: ಅದು ಕೂತ ನೆಲದಲ್ಲಿ, ಅದರ ನೆರೆಯಲ್ಲಿ. ನೆರೆ ಅಂದರೆ ಹೊಳೆಗೆ ಬರುವ ನೆರೆಯಲ್ಲ, ನೆರೆಮನೆಯ ನೆರೆ. ಫ್ರಾನ್ಸಿನಲ್ಲಿ ಶೆವ್ರಲ್ ಎಂಬ ರಸಾಯನಶಾಸ್ತ್ರಜ್ಞ ಗೋಬ್ಲಾ ಜಮಖಾನೆ ಕಾರ್ಖಾನೆಯ ಬಣ್ಣದ ವಿಭಾಗ ನೋಡಿಕೊಳ್ಳುತ್ತಿದ್ದ. ಅಲ್ಲಿಯ ಕಪ್ಪು ನೂಲು ಸಾಕಷ್ಟು ಕಪ್ಪಾಗಿಲ್ಲ ಎಂಬ ದೂರು ಬಂತು. ಪರೀಕ್ಷಿಸಿದರೆ ನೂಲಿನಲ್ಲಿ ದೋಷವಿಲ್ಲ. ಪಕ್ಕದಲ್ಲಿ ನೇಯ್ದ ನೀಲಿ, ನೇರಳೆ ಎಳೆಗಳಿಂದಾಗಿ ಅದು ಪೇಲವವಾಗಿ ಕಾಣುತ್ತಿತ್ತು. 1839ರಲ್ಲಿ ಅವನು ಇದನ್ನೇ ಗ್ರಂಥವಾಗಿ ಬರೆದ, ಮುಂದೆ ಅದು ಫ್ರೆಂಚ್ ಚಿತ್ರಕಾರರ ಕೈಸೇರಿತು. ನಮ್ಮ ಹಸೆಯ ಅಜ್ಜಿಯಂದಿರು ಅಕ್ಕಿಯ ಬಿಳಿಯನ್ನು ಸುಣ್ಣದ ಗೋಡೆಯ ಮೇಲೆ ಬರೆಯದೆ ಕೆಮ್ಮಣ್ಣಿನ ಮೇಲೆ ಬರೆದದ್ದು ಯಾವ ಗ್ರಂಥ ಓದಿಯೂ ಅಲ್ಲ.

ಇಷ್ಟು ಹೊತ್ತಿಗೆ ಹೆಬ್ಬಾರರ ಮನೆಗೆ ಬಂದೆವು. ಕಟ್ಟಿಂಗೇರಿ ಕೃಷ್ಣ ಹೆಬ್ಬಾರ್ ಹುಟ್ಟಿದ್ದು 1911ರಲ್ಲಿ, ಉಡುಪಿಯ ಬಳಿಯ ಕಟ್ಟಿಂಗೇರಿಯಲ್ಲಿ. ಅಲ್ಲಿಯೂ ನೆಲ ಕೆಂಪು, ಮೇಲೆ ಹಸಿರು. ಮುಂಬಯಿಯ ಜೆ. ಜೆ. ಕಲಾಶಾಲೆಯಲ್ಲಿ 1938ರಲ್ಲಿ ಡಿಪ್ಲೊಮಾ ಮುಗಿಸಿ ಅಲ್ಲೇ ಕಲಿಸಿದರು. ಶಾಲೆಯಲ್ಲಿ ಕಲಿತದ್ದು ಯುರೋಪಿನ ನೆರಳು-ಬೆಳಕಿನ ವಿದ್ಯೆ: ಕಂದಿನಿಂದ ಶುರುಮಾಡಿ, ಬೆಳಕನ್ನು ಮೆಲ್ಲಗೆ ಏರಿಸುತ್ತ ಹೋಗುವುದು. ಅದು ಅವರಿಗೆ ಸಾಲಲಿಲ್ಲ. ಜೈನ ಹಸ್ತಪ್ರತಿಗಳ ಚಿತ್ರ, ರಜಪೂತ ಕಿರುಚಿತ್ರ, ಅಜಂತಾ ಇವುಗಳ ಕಡೆ ತಿರುಗಿದರು. ಅಮೃತಾ ಶೇರ್‌ಗಿಲ್ ದಕ್ಷಿಣ ಭಾರತ ಸುತ್ತಿ 1937ರಲ್ಲಿ ಬರೆದ ಹಳ್ಳಿಗರ, ಬ್ರಹ್ಮಚಾರಿಗಳ ಚಿತ್ರಗಳು ಆಗ ಎಲ್ಲ ಎಳೆಯ ಕಲಾವಿದರ ನಿದ್ದೆಗೆಡಿಸಿದ್ದವು, ಹೆಬ್ಬಾರರದ್ದೂ ಕೆಡಿಸಿದವು. ನಲವತ್ತರ ದಶಕದಲ್ಲಿ ಅವರು ಕೇರಳದ ಬದುಕನ್ನು ಬರೆದರು. ಆ ಚಿತ್ರಗಳಲ್ಲಿ ಮಣ್ಣು ಮಣ್ಣಾಗಿ ಕೆಂಪು, ಬಟ್ಟೆ ಬಿಳಿ, ಮೈ ಗಟ್ಟಿ ಕಂದು; ಒಂದಕ್ಕೊಂದು ಕರಗದೆ ಪಕ್ಕಪಕ್ಕ ಕೂತಿವೆ. ನೆರಳಿನ ನೆವದಲ್ಲಿ ಕಪ್ಪು ಸುರಿದಿಲ್ಲ. ಅವರ ನಂತರದ ದಶಕಗಳ ದಪ್ಪ ಲೇಪದ, ಕೆರೆದು ಕೆರೆದು ಬೆಳಕು ತೆಗೆದ ಚಿತ್ರಗಳಿಗೆ ಹೆಚ್ಚು ಹೆಸರಿದೆ. ನನಗೆ ಮಾತ್ರ ಕೇರಳದ ಚಿತ್ರಗಳೇ ಮೇಲು.

1949-50ರಲ್ಲಿ ಹೆಬ್ಬಾರ್ ಪ್ಯಾರಿಸ್ಸಿನ ಅಕಾಡೆಮಿ ಜೂಲಿಯಾನಲ್ಲಿ ಕಲಿತರು. ಸ್ಕಾಟರು ಬಣ್ಣ ಹುಡುಕಿಕೊಂಡು ಹೋದ ಊರಿಗೆ, ನಲವತ್ತು ವರ್ಷ ತಡವಾಗಿ, ಬಣ್ಣವನ್ನು ಜೊತೆಗೇ ಕೊಂಡೊಯ್ದ ಮನುಷ್ಯ! ಇನ್ನೊಂದು ಸಾಮ್ಯ ನನ್ನನ್ನು ಬಿಡದೆ ಕಾಡುತ್ತದೆ. ಫರ್ಗ್ಯುಸನ್ 1911ರಲ್ಲಿ ‘ರಿದಮ್’ ಎಂಬ ಪತ್ರಿಕೆಗೆ ಕಲಾ ಸಂಪಾದಕನಾದ, ಲಯ ಎಂದು ಅದರ ಅರ್ಥ. ಮುಂದೆ ಮಾರ್ಗರೆಟ್ ಮಾರಿಸ್ ಎಂಬ ನೃತ್ಯಗಾತಿಯ ಬಾಳಸಂಗಾತಿಯಾದ. ಹೆಬ್ಬಾರರು ಲಯವನ್ನು ಮೈಯಲ್ಲೇ ತಿಳಿಯಬೇಕೆಂದು ಕಥಕ್ ಕಲಿತರು. ತಮ್ಮ ರೇಖಾಚಿತ್ರಗಳ ಪುಸ್ತಕಕ್ಕೆ ಹಾಡುವ ರೇಖೆ ಎಂಬರ್ಥದ ‘ದಿ ಸಿಂಗಿಂಗ್ ಲೈನ್’ ಎಂದು ಹೆಸರಿಟ್ಟರು. ಇವರಿಬ್ಬರೂ ಬಣ್ಣಕ್ಕೆ ತಾಳ ಬೇಕು ಎಂದು ಕಂಡುಕೊಂಡವರು. ಯಕ್ಷಗಾನ ನೋಡಿ ಬೆಳೆದವರಿಗೆ ಇದು ಹೊಸದೇನಲ್ಲ. ಹಳೆಯ ವೇಷದ ಕೆಂಪು, ಹಳದಿ, ಕಪ್ಪು ಆರಿಸಿದ್ದೇ ದೊಂದಿಯ ಬೆಳಕಿಗೆ. ಹಳದಿ ಉರಿಯಲ್ಲಿ ಕೆಂಪು ಹೊತ್ತಿಕೊಳ್ಳುತ್ತದೆ, ನೀಲಿ ಸತ್ತುಹೋಗುತ್ತದೆ. ಟ್ಯೂಬ್‌ಲೈಟ್ ಬಂದ ಮೇಲೆ ಅದೇ ವೇಷ ಬಡವಾಗಿ ಕಂಡಿತು, ಆಗ ಜರಿ ಮಿಂಚು ಸೇರಿಸಿದರು. ವಾರ್ನಿಷ್ ಬಳಿದರು ಅನ್ನಿ.

ಇನ್ನೊಬ್ಬರು ರುಮಾಲೆ ಚನ್ನಬಸವಯ್ಯ. ಹುಟ್ಟಿದ್ದು 1910ರಲ್ಲಿ, ದೊಡ್ಡಬಳ್ಳಾಪುರದಲ್ಲಿ. ಎ. ಎನ್. ಸುಬ್ಬರಾಯರ ಕಲಾಮಂದಿರದಲ್ಲಿ, ಮೈಸೂರಿನಲ್ಲಿ ಚಿತ್ರ ಕಲಿತ ಹುಡುಗ, ಸ್ವಾತಂತ್ರ್ಯ ಚಳವಳಿಗೆ ಬಿದ್ದು ಕುಂಚ ಬಿಟ್ಟ. ಸೇವಾದಳ, ಜೈಲು, ‘ತಾಯಿನಾಡು’ ಪತ್ರಿಕೆಯ ಸಂಪಾದಕತ್ವ, ವಿಧಾನ ಪರಿಷತ್ತು. ಕರನಿರಾಕರಣೆಯಲ್ಲಿ ಮನೆ-ತೋಟ ಕಳೆದುಕೊಂಡವರ ತಾಲೂಕಿನಲ್ಲಿ, ರಾಮಕೃಷ್ಣ ಹೆಗಡೆಯವರು ಹುಟ್ಟಿದ ಊರಿನಲ್ಲಿ ನಿಂತು ಈ ಮಾತು ಹೇಳುವಾಗ ವಿವರಣೆ ಬೇಕಿಲ್ಲ. ವಿಚಿತ್ರವೆಂದರೆ ಮುಂದಿನದು. 1962ರಲ್ಲಿ, ಐವತ್ತು ದಾಟಿದ ಮೇಲೆ, ಅವರು ರಾಜಕೀಯವನ್ನು ಬಿಟ್ಟು ಕುಂಚಕ್ಕೆ ಮರಳಿದರು. 1988ರಲ್ಲಿ ತೀರಿಕೊಳ್ಳುವವರೆಗೆ ಬೇರೇನೂ ಮಾಡಲಿಲ್ಲ. ಅಧಿಕಾರದಿಂದ ಕಲೆಗೆ ಮರಳಿದ ಇನ್ನೊಬ್ಬರ ಹೆಸರು ನನಗೆ ಸುಲಭಕ್ಕೆ ಬಾಯಿಗೆ ಬರುವುದಿಲ್ಲ. ಉಲ್ಟಾ ದಿಕ್ಕಿನಲ್ಲಿ ಹೋದವರು ಬೇಕಾದಷ್ಟಿದ್ದಾರೆ.

ರುಮಾಲೆ ಮನೆಯಲ್ಲಿ ಕೂತು ಬರೆಯುವವರಲ್ಲ. ಮರದ ಮುಂದೆಯೇ ನಿಲ್ಲಬೇಕು, ದಿನವೂ ಅದೇ ಹೊತ್ತಿಗೆ, ಅದೇ ಬೆಳಕಿನಲ್ಲಿ. ಹೂವು ಉದುರಿ ಚಿತ್ರ ಅರ್ಧಕ್ಕೆ ನಿಂತರೆ ಮುಂದಿನ ವರ್ಷ ಮರ ಹೂ ಬಿಡುವವರೆಗೆ ಕಾಯುತ್ತಿದ್ದರು. ಅವರ ಟಬೆಬೂಯಾ, ಜಕರಂಡಾ, ಗುಲ್‌ಮೊಹರ್ ಚಿತ್ರಗಳನ್ನು ಹತ್ತಿರದಿಂದ ನೋಡಿದರೆ ಹೂವು ಇಲ್ಲವೇ ಇಲ್ಲ. ಚಿಕ್ಕ ಚಿಕ್ಕ ಕುಂಚದೇಟುಗಳು ಮಾತ್ರ, ಗುಲಾಬಿಯ ಪಕ್ಕ ಹಸಿರು, ಹಳದಿಯ ಪಕ್ಕ ನೇರಳೆ. ನಾಲ್ಕು ಹೆಜ್ಜೆ ಹಿಂದೆ ಸರಿದರೆ ಮರ ನಿಲ್ಲುತ್ತದೆ, ಗಾಳಿಯೂ ಆಡುತ್ತದೆ. ಅವರನ್ನು ವ್ಯಾನ್ ಗೋಗೆ ಹೋಲಿಸುವುದುಂಟು. ನನಗೆ ಆ ಹೋಲಿಕೆ ಅರ್ಧ ಒಪ್ಪಿಗೆ. ಕುಂಚದೇಟು ಅವನನ್ನು ನೆನಪಿಸುತ್ತದೆ, ಮನಸ್ಸಲ್ಲ. ವ್ಯಾನ್ ಗೋನ ಬಣ್ಣದಲ್ಲಿ ಸಂಕಟವಿದೆ. ರುಮಾಲೆಯವರದು ಉಪವಾಸ ಮುಗಿಸಿದವನ ಊಟದ ಸಂತೋಷ. (ಅಂದಹಾಗೆ, ಪ್ಯಾರಿಸ್ಸಿನಲ್ಲಿ ಕೆಲಕಾಲ ವ್ಯಾನ್ ಗೋನ ಜೊತೆ ಒಂದೇ ಮನೆಯಲ್ಲಿದ್ದ ಅಲೆಕ್ಸಾಂಡರ್ ರೀಡ್ ಎಂಬ ಗ್ಲಾಸ್ಗೋದ ವ್ಯಾಪಾರಿಯೇ ಮುಂದೆ ಪೆಪ್ಲೋ, ಹಂಟರ್ ಇವರ ಚಿತ್ರಗಳನ್ನು ಮಾರಿದ್ದು.)

ರುಮಾಲೆ ಬರೆದ ಮರಗಳಲ್ಲಿ ಬಹುಪಾಲು ನಮ್ಮ ನಾಡಿನವಲ್ಲ. 1908ರಲ್ಲಿ ಬೆಂಗಳೂರಿಗೆ ಬಂದ ಜರ್ಮನ್ ತೋಟಗಾರ ಕ್ರುಂಬಿಗಲ್, ಒಂದು ಜಾತಿ ಮುಗಿದ ಮೇಲೆ ಇನ್ನೊಂದು ಹೂ ಬಿಡುವಂತೆ ಲೆಕ್ಕ ಹಾಕಿ ರಸ್ತೆಯುದ್ದಕ್ಕೂ ಮರ ನೆಡಿಸಿದ. ಅಂದರೆ ಬೆಂಗಳೂರಿನ ನೆಲದ ಮೇಲೆ ಒಬ್ಬ ತೋಟಗಾರ ಮೊದಲು ಬಣ್ಣ ಜೋಡಿಸಿಟ್ಟ. ಅರ್ಧ ಶತಮಾನದ ಮೇಲೆ ಇನ್ನೊಬ್ಬ ಬಂದು ಅದನ್ನು ಕಾಗದಕ್ಕೆ ಇಳಿಸಿದ. ಇವರಿಗಿಂತ ಹಿರಿಯರಾದ ಕೆ. ವೆಂಕಟಪ್ಪನವರು (1886-1965) ಊಟಿಯ ಮಂಜನ್ನು ಜಲವರ್ಣದಲ್ಲಿ ಎಷ್ಟು ನಯವಾಗಿ ಬರೆದರೆಂದರೆ, ಕಾಗದ ಉಸಿರಾಡಿದಂತಿದೆ. ಅದು ಬೇರೆಯೇ ವಿದ್ಯೆ, ದೊಡ್ಡ ವಿದ್ಯೆ. ಆದರೆ ಕರ್ನಾಟಕದಲ್ಲಿ ಬಹಳ ಕಾಲ ಒಳ್ಳೆಯ ಅಭಿರುಚಿ ಅಂದರೆ ವೆಂಕಟಪ್ಪನವರ ತಣ್ಣನೆಯ ಬಣ್ಣ, ಗಾಢ ಬಣ್ಣ ಅಂದರೆ ಹಳ್ಳಿಗಾಡು ಎಂಬ ನಂಬಿಕೆ ಬೇರೂರಿತ್ತು. ಹೆಬ್ಬಾರ್ ಮತ್ತು ರುಮಾಲೆ ಅದನ್ನು ಅಲ್ಲಾಡಿಸಿದರು.

ನಾನೂ ಒಂದು ಮಳೆಗಾಲ ಎಣ್ಣೆಬಣ್ಣದಲ್ಲಿ ತೋಟ ಬರೆಯಲು ಹೋಗಿದ್ದೆ. ಆಷಾಢದಲ್ಲಿ ಬಣ್ಣ ಒಣಗಲೇ ಇಲ್ಲ. ಶ್ರಾವಣಕ್ಕೆ ಕ್ಯಾನ್ವಾಸಿನ ಹಿಂದೆ ಬೂಷ್ಟು, ಭಾದ್ರಪದಕ್ಕೆ ಮುಂದೂ ಬೂಷ್ಟು. ಚೌತಿಗೆ ಬಂದ ಅತ್ತಿಗೆ ನೋಡಿ, “ಅಕ್ಕಿಹಿಟ್ಟಲ್ಲಿ ಬರೆದಿದ್ರೆ ಇಷ್ಟೊತ್ತಿಗೆ ಒಣಗ್ತಿತ್ತು” ಎಂದರು. ಆ ವರ್ಷ ಭೂಮಿ ಹುಣ್ಣಿಮೆಗೆ ಪಕ್ಕದ ಕೇರಿಯಲ್ಲಿ ಭೂಮಣ್ಣಿ ಬುಟ್ಟಿಗೆ ಕೆಮ್ಮಣ್ಣು ಸಾರಿಸಿ ಚಿತ್ತಾರ ಬರೆಯುವುದನ್ನು ನೋಡಲು ಹೋದೆ. ಹುಡುಗಿಯೊಬ್ಬಳು ಅಂಗಡಿಯಿಂದ ಫ್ಲೋರೊಸೆಂಟ್ ಬಣ್ಣ ತಂದಿಟ್ಟಿದ್ದಳು. ಅವಳ ಅಮ್ಮ ಬಯ್ಯಲಿಲ್ಲ. “ಬರಿ, ಬರೆದು ನೋಡು” ಎಂದಳು ಅಷ್ಟೆ. ಆ ಪ್ಲಾಸ್ಟಿಕ್ ಹಸಿರು ಕೆಮ್ಮಣ್ಣಿನ ಮೇಲೆ ಕೂರಲಿಲ್ಲ, ತೇಲಿತು. ಹುಡುಗಿ ತಾನೇ ಒರೆಸಿ ಹಾಕಿದಳು.

ನನ್ನ ಕೋರಿಕೆ ಎರಡೇ. ಸಿಮೆಂಟ್ ಗೋಡೆಗೆ ಕೆಮ್ಮಣ್ಣು ಹಿಡಿಯುವುದಿಲ್ಲ, ಹಿಡಿದರೂ ಬಣ್ಣ ಹೀರುವುದಿಲ್ಲ. ಹೊಸ ಮನೆ ಕಟ್ಟುವವರು ಜಗಲಿಯ ಒಂದು ಗೋಡೆಯನ್ನಾದರೂ ಮಣ್ಣಿನದ್ದಾಗಿ ಉಳಿಸಿ. ಹಸೆ ಬರೆಯುವವರು ಇನ್ನೂ ಇದ್ದಾರೆ, ಬರೆಯಲು ಗೋಡೆಯಿಲ್ಲ. ಎರಡನೆಯದು ಶಾಲೆಯ ಮಾಸ್ತರರಿಗೆ, ಅಕ್ಕೋರಿಗೆ: ನೆರಳಿಗೆ ಮಗು ನೇರಳೆ ಬಳಿದರೆ ತಪ್ಪು ಹಾಕುವ ಮೊದಲು ಅದರ ಜೊತೆ ಹೊರಗೆ ಹೋಗಿ ನೆರಳನ್ನು ನೋಡಿ ಬನ್ನಿ.

ಹೆಬ್ಬಾರ್, ರುಮಾಲೆ ಮತ್ತು ಆ ಸ್ಕಾಟರ ಚಿತ್ರಗಳಿರುವ ಮೂರು ಪುಸ್ತಕಗಳನ್ನು ಬಾಗಿಲ ಬಳಿಯ ಬೆಂಚಿನ ಮೇಲೆ ಇಟ್ಟಿದ್ದೇನೆ. ಒಳ್ಳೆಯ ಬಣ್ಣದ ಅಚ್ಚು, ನಿಧಾನವಾಗಿ ನೋಡಿ. ಕವಳ ಹಾಕಿದವರು ಮಾತ್ರ ದಯವಿಟ್ಟು ಕೈ ತೊಳೆದುಕೊಂಡು ಬನ್ನಿ. ಹಸಿರು ಎಲೆ, ಬಿಳಿ ಸುಣ್ಣ, ಕಂದು ಅಡಿಕೆ ಸೇರಿ ಹುಟ್ಟುವ ಆ ಕೆಂಪು ಕಾಗದದಿಂದ ಹೋಗುವುದಿಲ್ಲ.